ಸಹಾಯ ಬೇಕು: ಪೌತಿ ಖಾತೆಗೆ ಹೈಕೋರ್ಟಿಗೆ ಹೋದವರು ಯಾರಾದರೂ ಇದ್ದೀರಾ?

ಎಲ್ಲರಿಗೂ ನಮಸ್ಕಾರ. ನಮ್ಮದು ಶಿವಮೊಗ್ಗ ಜಿಲ್ಲೆಯ ಮಲೆನಾಡಿನ ಒಂದು ಹಳ್ಳಿ. ಅಪ್ಪ ತೀರಿಕೊಂಡ ಮೇಲೆ ಒಂದೂವರೆ ಎಕರೆ ಅಡಿಕೆ ತೋಟವನ್ನು ಅಮ್ಮನ ಹೆಸರಿಗೆ ಪೌತಿ ಖಾತೆ ಮಾಡಿಸಲು ಅರ್ಜಿ ಕೊಟ್ಟೆವು. ಎರಡು ಮಳೆಗಾಲ ಕಳೆಯಿತು. ಯಾರ ತಕರಾರೂ ಇಲ್ಲ. ಆದರೂ ಪಹಣಿಯಲ್ಲಿ ಇನ್ನೂ ಅಪ್ಪನ ಹೆಸರೇ. ಕೇಳಿದರೆ ‘ಸರ್ವರ್ ಇಲ್ಲ’, ‘ಸಾಹೇಬ್ರು ಮೀಟಿಂಗಲ್ಲಿದ್ದಾರೆ’. ಆಗಲ್ಲ ಅಂತ ಹಿಂಬರಹ (ಲಿಖಿತ ಉತ್ತರ) ಕೊಟ್ಟಿದ್ದರೆ ಮೇಲ್ಮನವಿಯಾದರೂ ಹಾಕಬಹುದಿತ್ತು, ಅದನ್ನೂ ಕೊಡುವುದಿಲ್ಲ! ಸ್ವೀಕೃತಿ ಚೀಟಿಯನ್ನು ಅಮ್ಮ ಪ್ಲಾಸ್ಟಿಕ್ ಕವರಿನಲ್ಲಿ ಮಡಚಿಟ್ಟಿದ್ದಾರೆ. ಮಡಿಕೆಯ ಜಾಗದಲ್ಲಿ ಅಕ್ಷರ ಅಳಿಸಿದೆ, ನಂಬರ್ ಮಾತ್ರ ಕಾಣುತ್ತದೆ.

ಸರ್ಕಾರಿ ಸೇವೆ ನಿಗದಿತ ಸಮಯದಲ್ಲಿ ಸಿಗಬೇಕು ಅನ್ನುವ 2011ರ ಸಕಾಲ ಕಾಯ್ದೆಯಲ್ಲಿ ತಡವಾದರೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ಪರಿಹಾರ. ನಮ್ಮ ಬಸ್ ಚಾರ್ಜಿಗೂ ಸಾಲದು, ಅಲ್ವಾ?

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನಲ್ಲಿ ಮ್ಯಾಂಡಮಸ್ ರಿಟ್ (ಅಧಿಕಾರಿ ತನ್ನ ಕರ್ತವ್ಯ ಮಾಡಲಿ ಎಂದು ಆದೇಶ ಕೇಳುವ ಅರ್ಜಿ) ಹಾಕಬಹುದು ಎಂದು ಪರಿಚಯದ ವಕೀಲರು ಹೇಳಿದರು. ಖಾತೆ ಮಾಡಿಕೊಡಿ ಅನ್ನುವುದಕ್ಕಿಂತ, ಇಷ್ಟು ವಾರದೊಳಗೆ ಅರ್ಜಿ ತೀರ್ಮಾನಿಸಿ ಎಂದು ಕೋರ್ಟು ಹೇಳುವುದೇ ಜಾಸ್ತಿಯಂತೆ. ನಮಗೆ ಅಷ್ಟೇ ಸಾಕು. ಆದೇಶ ಮೀರಿದರೆ ಒಂದು ವರ್ಷದೊಳಗೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬೇಕಂತೆ.

ರಿಟ್ ಹಾಕುವ ಮೊದಲು ಲಿಖಿತ ಮನವಿ ಕೊಟ್ಟಿರಬೇಕು ಎಂದರು. ರಿಜಿಸ್ಟರ್ಡ್ ಪೋಸ್ಟಲ್ಲಿ ಕಳಿಸಿದರೆ ಸಾಕಾ? ಎಷ್ಟು ದಿನ ಕಾಯಬೇಕು? ಮಹಿಳೆಯರಿಗೆ ಆದಾಯ ನೋಡದೆ ಉಚಿತ ಕಾನೂನು ನೆರವು ಇದೆಯಲ್ಲ, ಅದನ್ನು ಶಿವಮೊಗ್ಗದಲ್ಲೇ ಕೇಳಬೇಕಾ, ಬೆಂಗಳೂರಿನ ಹೈಕೋರ್ಟಿನಲ್ಲಾ? ಅಮ್ಮನಿಗೆ ಮಂಡಿ ನೋವು, ಸುಮ್ನೆ ಅಲೆದಾಡಿಸಲು ಮನಸ್ಸಿಲ್ಲ. ಗೊತ್ತಿದ್ದವರು ದಯವಿಟ್ಟು ತಿಳಿಸಿ.