ಪದಚರ್ಚೆ: ‘ಸ್ಟಿಲ್ ಲೈಫ್’ ಚಿತ್ರಗಳಿಗೆ ಕನ್ನಡದಲ್ಲಿ ಯಾವ ಪದ ಸಲ್ಲುತ್ತದೆ?

ಮಾನ್ಯರೇ,

ಹಣ್ಣು, ಹೂಜಿ, ಸೀಸೆ, ಹೂದಾನಿ, ಪುಸ್ತಕ, ಬೇಟೆಯಾಡಿ ತಂದ ಹಕ್ಕಿ ಮುಂತಾದವನ್ನು ಮೇಜಿನ ಮೇಲೆ ಹೊಂದಿಸಿಟ್ಟುಕೊಂಡು, ಎದುರಿಗೆ ಕುಳಿತು ನೋಡಿ ಬರೆಯುವ ಚಿತ್ರವನ್ನು ಇಂಗ್ಲಿಷಿನಲ್ಲಿ ಸ್ಟಿಲ್ ಲೈಫ್ ಎನ್ನುತ್ತಾರೆ. ಪಾಶ್ಚಾತ್ಯ ಚಿತ್ರಕಾರರ ಬಗ್ಗೆ ಕನ್ನಡದಲ್ಲಿ ಬರೆಯಲು ಹೊರಟವರಿಗೆ ಸ್ಥಿರಚಿತ್ರ, ಸ್ತಬ್ಧಚಿತ್ರ, ಅಚರಚಿತ್ರ, ಜಡವಸ್ತು ಚಿತ್ರ, ನಿರ್ಜೀವ ವಸ್ತುಗಳ ಚಿತ್ರ, ವಸ್ತುಚಿತ್ರ ಎಂದು ಹಲವು ಪದಗಳು ಒದಗಿಬರುತ್ತವೆ. ಫ್ರಾನ್ಸಿನ ಶಾರ್ದಾಂ ಮತ್ತು ಸೆಜಾನ್, ಇಟಲಿಯ ಮೊರಾಂದಿ ಎಂಬ ಚಿತ್ರಕಾರರನ್ನು ಕುರಿತು ಟಿಪ್ಪಣಿಗಳನ್ನು ಸಿದ್ಧಪಡಿಸುತ್ತಿರುವ ನನಗೆ ಇವುಗಳಲ್ಲಿ ಒಂದನ್ನು ಆರಿಸಿಕೊಂಡು ಕೊನೆಯವರೆಗೂ ಅದನ್ನೇ ಬಳಸಬೇಕಾಗಿದೆ. ನನ್ನ ಒಲವು ಯಾವ ಕಡೆಗೆ, ಏಕೆ ಎಂಬುದನ್ನು ಕೆಳಗೆ ವಿವರಿಸಿ ತಮ್ಮೆಲ್ಲರ ಅಭಿಪ್ರಾಯವನ್ನು ಕೋರುತ್ತಿದ್ದೇನೆ.

ಯುರೋಪಿನಲ್ಲೇ ಈ ಪ್ರಕಾರಕ್ಕೆ ಒಂದೇ ಬಗೆಯ ಹೆಸರಿಲ್ಲ. ಡಚ್ಚರಲ್ಲಿ ಸ್ಟಿಲ್‌ಲೇವೆನ್ ಎಂಬ ಪದ ರೂಢಿಗೆ ಬಂದದ್ದು 17ನೇ ಶತಮಾನದ ನಡುಭಾಗದಲ್ಲಿ. ಅದಕ್ಕೆ ಮುಂಚೆ ಉಪಾಹಾರದ ಚಿತ್ರ, ಔತಣದ ಚಿತ್ರ, ಹಣ್ಣಿನ ಚಿತ್ರ ಎಂದು ಮೇಜಿನ ಮೇಲೆ ಇದ್ದುದನ್ನೇ ಹೇಳಿ ಗುರುತಿಸುತ್ತಿದ್ದರು. ಲೇವೆನ್ ಎಂದರೆ ಜೀವ, ಬದುಕು ಎಂಬ ಅರ್ಥ ಇದ್ದರೂ, ಚಿತ್ರಶಾಲೆಯ ಮಾತಿನಲ್ಲಿ ಅದು ಎದುರಿಗಿಟ್ಟುಕೊಂಡು ಬರೆಯುವ ಮಾದರಿಯನ್ನು ಸೂಚಿಸುತ್ತಿತ್ತು. ಹಾಗಾಗಿ ಸ್ಟಿಲ್‌ಲೇವೆನ್ ಎಂದರೆ ಅಲುಗಾಡದ ಮಾದರಿ ಎಂದಷ್ಟೇ ಆಗುತ್ತದೆ. ಇಂಗ್ಲಿಷ್ ಮತ್ತು ಜರ್ಮನ್ ಪದಗಳು ಇದರಿಂದಲೇ ಬಂದವು. ಸ್ಪೇನಿನವರ ಬೊದೆಗೊನ್ ಎಂಬ ಮಾತಿನ ಬೇರು ಮದ್ಯದ ನೆಲಮಾಳಿಗೆಯನ್ನೂ ಉಗ್ರಾಣವನ್ನೂ ಸೂಚಿಸುವ ಬೊದೆಗ ಎಂಬ ಪದದಲ್ಲಿದೆ. ಅಲ್ಲಿನ ಚಿತ್ರಕಾರ ವೆಲಾಸ್ಕೆಸ್ 1618ರಲ್ಲಿ ಬರೆದ, ಮುದುಕಿಯೊಬ್ಬಳು ಮೊಟ್ಟೆ ಬೇಯಿಸುತ್ತಿರುವ ಚಿತ್ರವನ್ನೂ ಬೊದೆಗೊನ್ ಎಂದೇ ಕರೆಯುತ್ತಾರೆ. ಅಲ್ಲಿ ಮನುಷ್ಯರಿದ್ದಾರೆ, ಒಲೆ ಉರಿಯುತ್ತಿದೆ. (ನಮ್ಮ ಕರಾವಳಿಯ ಕಡೆ ಊಟಕ್ಕೆ ಮಾಡುವ ಸಾರು, ಪಲ್ಯಗಳಿಗೆ ‘ಪದಾರ್ಥ’ ಎನ್ನುವ ಬಳಕೆ ನೆನಪಾಗಿ, ಪದಾರ್ಥಚಿತ್ರ ಎಂಬುದನ್ನೂ ಯೋಚಿಸಿದೆ. ಆದರೆ ಆ ಬಳಕೆ ಎಲ್ಲ ಕಡೆಯದಲ್ಲ.)

ಫ್ರೆಂಚರ ದಾರಿ ಬೇರೆಯಾಯಿತು. ಅಲ್ಲಿನ ಕಲಾ ಅಕಾಡೆಮಿಯ ಪರವಾಗಿ ಕಲಾ ಲೇಖಕ ಫೆಲಿಬಿಯಾಂ 1667ರಲ್ಲಿ ಚಿತ್ರಪ್ರಕಾರಗಳ ಮೇಲುಕೀಳನ್ನು ವಿವರಿಸುತ್ತ, ಹಣ್ಣು, ಹೂವು, ಚಿಪ್ಪುಗಳನ್ನು ಬರೆಯುವವರನ್ನು ಎಲ್ಲರಿಗಿಂತ ಕೆಳಗಿರಿಸಿದ. ಚಲನೆಯಿಲ್ಲದ ಸತ್ತ ವಸ್ತುಗಳನ್ನು ಬರೆಯುವವರಿಗಿಂತ ಜೀವಂತ ಪ್ರಾಣಿಗಳನ್ನು ಬರೆಯುವವರು ಮೇಲು ಎಂಬುದು ಅವನ ನಿಲುವು. ಮುಂದಿನ ಶತಮಾನದಲ್ಲಿ ನಾತ್ಯೂರ್ ಮೊರ್ತ್, ಅಂದರೆ ಸತ್ತ ಪ್ರಕೃತಿ, ಎಂಬ ಹೆಸರು ಫ್ರೆಂಚಿನಲ್ಲಿ ನೆಲೆನಿಂತಿತು. ಜಡ, ನಿರ್ಜೀವ ಎಂಬ ಪದಗಳನ್ನು ಆರಿಸಿಕೊಂಡರೆ, ನಮಗೆ ಸಂಬಂಧವೇ ಇಲ್ಲದ ಆ ಅಕಾಡೆಮಿಯ ತಾರತಮ್ಯವನ್ನು ನಾವು ತಿಳಿಯದೆಯೇ ಕನ್ನಡಕ್ಕೆ ಬರಮಾಡಿಕೊಂಡಂತೆ ಆಗುತ್ತದೆ ಎಂಬುದು ನನ್ನ ಮುಖ್ಯ ಆಕ್ಷೇಪ.

ಚಿತ್ರಗಳೂ ಆ ಪದಗಳಿಗೆ ಒಗ್ಗುವುದಿಲ್ಲ. ಶಾರ್ದಾಂನನ್ನು ಅದೇ ಅಕಾಡೆಮಿ 1728ರಲ್ಲಿ ಸದಸ್ಯನನ್ನಾಗಿ ಸೇರಿಸಿಕೊಂಡಾಗ, ಪ್ರಾಣಿಗಳನ್ನೂ ಹಣ್ಣುಗಳನ್ನೂ ಬರೆಯುವವನು ಎಂದು ದಾಖಲಿಸಿತು. ಆಗ ಅವನು ಒಪ್ಪಿಸಿದ ಎರಡು ಚಿತ್ರಗಳಲ್ಲಿ ಒಂದಾದ ‘ತೊರಕೆ ಮೀನು’ ಈಗ ಪ್ಯಾರಿಸ್ಸಿನ ಲೂವ್ರ್ ಸಂಗ್ರಹಾಲಯದಲ್ಲಿದೆ. ಅಗಲವಾದ ತೊರಕೆ ಮೀನೊಂದನ್ನು ಹೊಟ್ಟೆ ಸೀಳಿ ಗೋಡೆಯ ಕೊಕ್ಕೆಗೆ ನೇತುಹಾಕಿದೆ. ಒಳಗಿನ ಕೆಂಪು ಭಾಗ ಹೊರಗೆ ಕಾಣುತ್ತದೆ. ಅಡಿಭಾಗದಲ್ಲಿರುವ ಬಾಯಿ ಮತ್ತು ಮೂಗಿನ ಹೊಳ್ಳೆಗಳು ಸೇರಿ ಮನುಷ್ಯನ ಮುಖದಂತೆ ತೋರುತ್ತವೆ. ಎಡಗಡೆ ಬಿಚ್ಚಿದ ಸಿಂಪಿಗಳ ಮೇಲೆ ಕಾಲಿಟ್ಟ ಬೆಕ್ಕಿನ ಮರಿ ಬೆನ್ನುಬ್ಬಿಸಿ, ಕೂದಲು ನಿಮಿರಿಸಿ ನಿಂತಿದೆ. ಬಲಗಡೆ ಹೂಜಿ, ಬಾಣಲೆ, ಬಿಳಿಯ ಬಟ್ಟೆ, ಮತ್ತು ಹಿಡಿಯು ಮೇಜಿನ ಅಂಚನ್ನು ದಾಟಿ ನಮ್ಮತ್ತ ಚಾಚಿಕೊಂಡಿರುವ ಒಂದು ಚಾಕು. ಜೀವಂತ ಬೆಕ್ಕು ಕಣ್ಣೆದುರಿಗೆ ಇರುವಾಗ ಇದನ್ನು ನಿರ್ಜೀವ ವಸ್ತುಗಳ ಚಿತ್ರವೆಂದು ಹೇಗೆ ಕರೆಯೋಣ? ಆಂಟ್‌ವರ್ಪಿನ ಚಿತ್ರಕಾರ್ತಿ ಕ್ಲಾರಾ ಪೇಟರ್ಸ್ 1611ರಲ್ಲಿ ಬರೆದ ಚಿತ್ರವೊಂದರಲ್ಲಿ ಲೋಹದ ಪಾನಪಾತ್ರೆಯ ಉಬ್ಬುಗಳಲ್ಲಿ ಆಕೆಯ ಸ್ವಂತ ಮುಖವೇ ಚಿಕ್ಕದಾಗಿ ಮತ್ತೆಮತ್ತೆ ಪ್ರತಿಬಿಂಬಿಸಿದೆ. ಡಚ್ ಚಿತ್ರಕಾರ್ತಿ ರಾಹೆಲ್ ರೈಶ್ ಬರೆದ ಹೂಗೊಂಚಲುಗಳಲ್ಲಿ ಕೀಟಗಳೂ ಹಲ್ಲಿಗಳೂ ಓಡಾಡುತ್ತವೆ.

ಸ್ತಬ್ಧಚಿತ್ರ, ಸ್ಥಿರಚಿತ್ರ ಎಂಬ ಪದಗಳ ತೊಡಕು ಬೇರೆ ತೆರನಾದದ್ದು. ಮೈಸೂರು ದಸರೆಯ ಮೆರವಣಿಗೆಯಲ್ಲಿ ಸಾಗುವ ಪ್ರದರ್ಶನಗಳಿಗೆ ಸ್ತಬ್ಧಚಿತ್ರ ಎಂಬ ಹೆಸರು ಜನರ ಬಾಯಲ್ಲಿ ಗಟ್ಟಿಯಾಗಿ ನಿಂತಿರುವುದರಿಂದ ಅದನ್ನು ಇಲ್ಲಿಗೆ ಎಳೆದು ತರುವುದು ಸರಿಯಲ್ಲ. ಸ್ಥಿರಚಿತ್ರವೆಂದರೆ ಸಿನಿಮಾದವರ ಫೋಟೊ. ಇವೆರಡರ ಬಗ್ಗೆ ಇದಕ್ಕಿಂತ ಹೆಚ್ಚು ಹೇಳಬೇಕಾಗಿಲ್ಲ.

ಅಚರಚಿತ್ರ ಎಂಬುದನ್ನು ಮಾತ್ರ ಸುಲಭವಾಗಿ ತಳ್ಳಿಹಾಕಲಾಗದು, ಏಕೆಂದರೆ ಡಚ್ ಮೂಲಾರ್ಥಕ್ಕೆ ಅದು ಹತ್ತಿರವಾಗಿದೆ. ಆದರೆ ಚರಾಚರ ಎನ್ನುವಾಗ ನಮ್ಮ ಭಾಷೆಯಲ್ಲಿ ಅಚರದೊಳಗೆ ಗಿಡಮರ, ಬೆಟ್ಟಗುಡ್ಡಗಳೆಲ್ಲವೂ ಸೇರುತ್ತವೆ. ಸೆಜಾನ್ ತನ್ನ ಹುಟ್ಟೂರಾದ ಎಕ್ಸ್ ಪಟ್ಟಣದ ಸಮೀಪದ ಸೇಂತ್ ವಿಕ್ತ್ವಾರ್ ಬೆಟ್ಟವನ್ನು ಹಲವಾರು ಬಾರಿ ಬರೆದ. ಅವೂ ಅಚರಚಿತ್ರಗಳೇ ಎಂದು ಓದುಗರು ಕೇಳಿದರೆ ಉತ್ತರಿಸುವುದು ಕಷ್ಟ. ಅದಕ್ಕಿಂತ ಹೆಚ್ಚಾಗಿ, ಸುಮಾರು 1893ರಲ್ಲಿ ಅವನು ಬರೆದ, ಈಗ ಶಿಕಾಗೋದಲ್ಲಿರುವ ‘ಸೇಬಿನ ಬುಟ್ಟಿ’ಯನ್ನು ನೋಡಿದರೆ ಅಚರ ಎಂಬ ಮಾತೇ ಹಿಡಿಸುವುದಿಲ್ಲ. ಬುಟ್ಟಿ ಮುಂದಕ್ಕೆ ವಾಲಿದೆ, ಸೀಸೆ ನೆಟ್ಟಗೆ ನಿಂತಿಲ್ಲ, ಸೇಬುಗಳು ಸುಕ್ಕಾದ ಬಟ್ಟೆಯ ಮೇಲೆ ಹರಡಿಕೊಂಡಿವೆ. ಮೇಜಿನ ಮುಂದಿನ ಅಂಚನ್ನು ಎಡಗಡೆಯಿಂದ ಗಮನಿಸುತ್ತ ಬಂದರೆ, ನಡುವೆ ಇಳಿಬಿದ್ದಿರುವ ಬಟ್ಟೆಯನ್ನು ದಾಟಿದ ಮೇಲೆ ಅದು ಮೊದಲಿನ ಗೆರೆಯಲ್ಲಿ ಮುಂದುವರಿಯುವುದಿಲ್ಲ. ಇದು ಕೈತಪ್ಪಿನಿಂದ ಆದದ್ದಲ್ಲ. ಬರೆಯುವವನ ನೋಟ ಒಂದೇ ಕಡೆ ನೆಟ್ಟಿರದೆ, ಬೇರೆಬೇರೆ ನೆಲೆಗಳಿಂದ ಕಂಡದ್ದನ್ನು ಒಂದೇ ಹಾಸಿನಲ್ಲಿ ಕೂಡಿಸಿದ್ದರ ಫಲ ಎಂದು ನಾನು ತಿಳಿಯುತ್ತೇನೆ. ಅವನು ಎಷ್ಟು ನಿಧಾನವಾಗಿ ಕೆಲಸ ಮಾಡುತ್ತಿದ್ದನೆಂದರೆ, ಹೂವು ಬಾಡಿಹೋಗುತ್ತದೆಂದು ಕಾಗದದ ಹೂವುಗಳನ್ನು ಇಟ್ಟುಕೊಳ್ಳುತ್ತಿದ್ದನಂತೆ. ಅವನ ಚಿತ್ರಗಳನ್ನು ಮಾರುತ್ತಿದ್ದ ವೊಲಾರ್ ಇದನ್ನು ಬರೆದಿಟ್ಟಿದ್ದಾನೆ.

ಹೀಗಾಗಿ ನಾನು ವಸ್ತುಚಿತ್ರ ಎಂಬ ಪದದ ಕಡೆಗೆ ವಾಲಿದ್ದೇನೆ. ವಸ್ತು ಸತ್ತಿದೆಯೋ ಬದುಕಿದೆಯೋ, ಅಲುಗುತ್ತದೋ ಇಲ್ಲವೋ ಎಂಬ ತೀರ್ಪನ್ನು ಅದು ಮೊದಲೇ ಕೊಡುವುದಿಲ್ಲ. ಭಾವಚಿತ್ರ, ನಿಸರ್ಗಚಿತ್ರ ಎಂಬ ಬಳಕೆಯ ಮಾತುಗಳ ಪಕ್ಕದಲ್ಲಿ ಅದು ಸಹಜವಾಗಿ ನಿಲ್ಲುತ್ತದೆ. ಇದಕ್ಕೂ ಒಂದು ತೊಡಕಿದೆ: ಸಾಹಿತ್ಯ ವಿಮರ್ಶೆಯಿಂದ ಬಂದ ರೂಢಿಯಲ್ಲಿ ವಸ್ತು ಎಂದರೆ ಕೃತಿಯ ವಿಷಯ ಎಂಬ ಅರ್ಥವೂ ಇರುವುದರಿಂದ, ‘ಈ ವಸ್ತುಚಿತ್ರದ ವಸ್ತು’ ಎಂದು ಬರೆಯುವಾಗ ಗೊಂದಲವಾಗುತ್ತದೆ. ಅಂಥ ಕಡೆ ‘ವಿಷಯ’ ಎಂದು ಬರೆದರೆ ಸಾಕು ಎಂದುಕೊಂಡಿದ್ದೇನೆ.

ಉಳಿದಿರುವುದು ಚಿತ್ರಗಳ ಹೆಸರಿನ ಪ್ರಶ್ನೆ. ಬೊಲೋನ್ಯದ ಜೋರ್ಜೊ ಮೊರಾಂದಿ (1890–1964) ಸೀಸೆ, ಡಬ್ಬಿ, ಹೂಜಿಗಳನ್ನೇ ದಶಕಗಳ ಕಾಲ ಬರೆದ. ಹೊಳಪು ಕಾಣಬಾರದೆಂದು ಸೀಸೆಗಳಿಗೆ ಬಣ್ಣ ಬಳಿದುಕೊಳ್ಳುತ್ತಿದ್ದ ಅವನ ಬಹುಪಾಲು ಚಿತ್ರಗಳಿಗೆ ನತೂರಾ ಮೋರ್ತಾ ಎಂಬ ಒಂದೇ ಹೆಸರು. ಅದನ್ನು ‘ಸತ್ತ ಪ್ರಕೃತಿ’ ಎಂದು ಪದಶಃ ಕನ್ನಡಿಸಿದರೆ, ಇಟಾಲಿಯನ್ ಓದುಗರಿಗೆ ಕೇಳಿಸದ ಸಾವಿನ ಧ್ವನಿ ನಮಗೆ ಕೇಳಿಸುತ್ತದೆ. ‘ವಸ್ತುಚಿತ್ರ’ ಎಂದು ಬರೆದು ಇಸವಿ ಸೇರಿಸುವುದು ಸರಿಯೆಂದು ತೋರುತ್ತದೆ. ಡಚ್ ಚಿತ್ರಕಾರ ವ್ಯಾನ್ ಗೋ 1885ರ ಅಕ್ಟೋಬರಿನಲ್ಲಿ, ಪಾದ್ರಿಯಾಗಿದ್ದ ತಂದೆ ತೀರಿಕೊಂಡ ಕೆಲವು ತಿಂಗಳ ಬಳಿಕ, ಒಂದೇ ದಿನದಲ್ಲಿ ಬರೆದ ಚಿತ್ರಕ್ಕೆ ಹೆಸರು ಕೊಡುವುದು ಇನ್ನೂ ಕಠಿಣ. ಯೆಶಾಯನ ಗ್ರಂಥದ 53ನೇ ಅಧ್ಯಾಯಕ್ಕೆ ತೆರೆದಿಟ್ಟ ದೊಡ್ಡ ಬೈಬಲ್, ಅದರ ಪಕ್ಕದಲ್ಲಿ ಆರಿದ ಮೇಣದಬತ್ತಿ, ಮುಂದೆ ಓದಿ ಓದಿ ಅಂಚು ಸವೆದ ಹಳದಿ ಹೊದಿಕೆಯ, ಫ್ರೆಂಚ್ ಲೇಖಕ ಜೋಲಾನ ಕಾದಂಬರಿ. ಆ ಕಾದಂಬರಿಯ ಹೆಸರಿನ ಅರ್ಥ ‘ಬದುಕುವ ಸಂತೋಷ’. ತಮ್ಮನಿಗೆ ಬರೆದ ಪತ್ರದಲ್ಲಿ ಅವನು ಬಳಸಿರುವುದು ಸ್ಟಿಲ್‌ಲೇವೆನ್ ಎಂಬ ಡಚ್ ಪದವನ್ನೇ. ಇದನ್ನು ‘ಬೈಬಲ್ ಇರುವ ವಸ್ತುಚಿತ್ರ’ ಎನ್ನಬಹುದು. ‘ಬೈಬಲ್‌ನೊಂದಿಗೆ ವಸ್ತುಚಿತ್ರ’ ಎಂಬುದು ಕನ್ನಡದ ಜಾಯಮಾನಕ್ಕೆ ಒಗ್ಗದು. ‘ವಸ್ತುಚಿತ್ರ: ಬೈಬಲ್’ ಎಂದು ಬರೆಯುವುದು ಮೂರನೆಯ ದಾರಿ.

ತಮ್ಮಲ್ಲಿ ಚಿತ್ರಕಲೆಯನ್ನು ಕಲಿಸುವವರು, ಕಲಿತವರು ಇದ್ದರೆ ತರಗತಿಯಲ್ಲಿ ಬಾಯಿಮಾತಿಗೆ ಬಳಸುವ ಪದ ಯಾವುದು, ಅದು ಯಾವ ಊರಿನ ಕಡೆಯದು ಎಂಬುದನ್ನು ದಯವಿಟ್ಟು ತಿಳಿಸಬೇಕು. ಹಳೆಯ ಕನ್ನಡ ಪತ್ರಿಕೆಗಳ ಕಲಾ ಲೇಖನಗಳಲ್ಲಿ ಬೇರೆ ಪದವೇನಾದರೂ ಕಂಡಿದ್ದರೆ ಆ ವಾಕ್ಯವನ್ನು ಪೂರ್ತಿಯಾಗಿ ಕೊಟ್ಟರೆ ಉಪಕಾರವಾಗುತ್ತದೆ. ಚಿತ್ರಗಳ ಹೆಸರಿಗೆ ಮೇಲಿನ ಮೂರರಲ್ಲಿ ಯಾವ ರೂಪ ಓದಲು ಸರಾಗವಾಗಿದೆ ಎಂಬುದನ್ನೂ ತಿಳಿಯಬಯಸುತ್ತೇನೆ.