ಬೆನ್ನುಹುರಿ ಆಪರೇಷನ್ನಿನಲ್ಲಿ ನರದ ಮಾನಿಟರಿಂಗ್: ಸಿಗ್ನಲ್ ಇಳಿದರೆ ಮೊದಲು ಏನು ನೋಡಬೇಕು?

ಪ್ರಶ್ನೆ (ಪಾಲಕರು, ಹಾವೇರಿ): ನಮಸ್ಕಾರ್ರಿ. ನನ್ನ ಮಗಳಿಗೆ 14 ವರ್ಷ. ಬೆನ್ನು ಸೊಟ್ಟ ಆಗೇತಿ, ಸ್ಕೋಲಿಯೋಸಿಸ್ ಅಂದಾರ. ಹುಬ್ಬಳ್ಳ್ಯಾಗ ಆಪರೇಷನ್ ಮಾಡಿ ರಾಡ್ ಹಾಕ್ತಾರಂತ. ಎಸ್ಟಿಮೇಟಿನ್ಯಾಗ ನ್ಯೂರೋ ಮಾನಿಟರಿಂಗ್ ಅಂತ ಬ್ಯಾರೆ ರೊಕ್ಕ ಬರದಾರ. ಬಿಪಿ, ಇಸಿಜಿ ತೋರ್ಸೋ ಮಾನಿಟರ್ ಹೆಂಗೂ ಇರ್ತೈತಲ್ರಿ, ಮತ್ತ ಇದು ಯಾಕ? ಬಿಟ್ರ ನಡೀತೈತೇನು?

ಉತ್ತರ (ನರ ಮಾನಿಟರಿಂಗ್ ತಂತ್ರಜ್ಞ, ಹುಬ್ಬಳ್ಳಿ): ಬಿಡಬ್ಯಾಡ್ರಿ. ಬಿಪಿ ಮಾನಿಟರ್ ಹೃದಯ, ಉಸಿರು ನೋಡುತ್ತದೆ. ಬೆನ್ನುಹುರಿಗೆ ತ್ರಾಸಾದರೆ ಅದಕ್ಕೆ ಗೊತ್ತಾಗುವುದಿಲ್ಲ. ರಾಡ್ ಹಾಕಿ ಸೊಟ್ಟ ಬೆನ್ನನ್ನು ನೆಟ್ಟಗೆ ಮಾಡುವಾಗ ಒಳಗಿನ ಬೆನ್ನುಹುರಿ ಜಗ್ಗುತ್ತದೆ. ಅದಕ್ಕೆ ರಕ್ತ ಕೊಡುವ ಸಣ್ಣ ನಾಳಗಳೂ ಜಗ್ಗುತ್ತವೆ. ನಿಮ್ಮ ಮಗಳು ಅರಿವಳಿಕೆಯಲ್ಲಿ ಮಲಗಿರುತ್ತಾಳೆ, ಕಾಲು ಜೋಮು ಹಿಡಿಯಿತು ಅಂತ ಹೇಳಲಾರಳು. ಆ ಮಾತನ್ನು ಅವಳ ಪರವಾಗಿ ಈ ಯಂತ್ರ ಹೇಳಬೇಕು.

1973ರಲ್ಲಿ ಫ್ರಾನ್ಸಿನ ಸ್ಟಾನ್ಯಾರಾ ಮತ್ತು ಜೊತೆಗಾರರು ಇದಕ್ಕೊಂದು ಪರೀಕ್ಷೆ ಬರೆದಿಟ್ಟರು. ಆಪರೇಷನ್ ನಡುವೆ ಅರಿವಳಿಕೆ ಹಗುರ ಮಾಡಿ, ಪೇಷಂಟಿಗೆ ಕಾಲ್ಬೆರಳು ಅಲ್ಲಾಡಿಸಲು ಹೇಳುವುದು. ಈಗಲೂ ಸಂಶಯ ಬಂದರೆ ಅದನ್ನು ಮಾಡುತ್ತಾರೆ. ಆದರೆ ಅದು ಆ ಒಂದು ಗಳಿಗೆಯ ಸುದ್ದಿಯನ್ನಷ್ಟೇ ಹೇಳುತ್ತದೆ.

ಮಾನಿಟರಿಂಗ್ ಎರಡು ದಾರಿ ಕಾಯುತ್ತದೆ. ಮೊದಲನೆಯದು ಸ್ಪರ್ಶದ ದಾರಿ, ಎಸ್‌ಎಸ್‌ಇಪಿ. ಪಾದದ ಒಳಗೀಲಿನ ಹಿಂದೆ ಸಣ್ಣ ಕರೆಂಟ್ ಕೊಟ್ಟರೆ ಸುಮಾರು 37 ಮಿಲಿಸೆಕೆಂಡಿಗೆ ತಲೆಯ ಮೇಲೆ ಅಲೆ ಕಾಣುತ್ತದೆ, ಮಣಿಕಟ್ಟಿನಲ್ಲಿ ಕೊಟ್ಟರೆ ಸುಮಾರು 20ಕ್ಕೆ. ಈ ಅಲೆ ಬಹಳ ಚಿಕ್ಕದು, ಮೆದುಳಿನ ಸ್ವಂತ ವಿದ್ಯುತ್ ಅಲೆಗಳಲ್ಲಿ (ಇಇಜಿ) ಮುಳುಗಿ ಹೋಗುತ್ತದೆ. ಅದಕ್ಕೇ ಇನ್ನೂರು ಮುನ್ನೂರು ಸಲ ಕೊಟ್ಟು ಸರಾಸರಿ ತೆಗೆಯಬೇಕು, ಒಂದು ಉತ್ತರಕ್ಕೆ ಒಂದೆರಡು ನಿಮಿಷ ಹಿಡಿಯುತ್ತದೆ. ಎರಡನೆಯದು ಚಲನೆಯ ದಾರಿ, ಎಂಇಪಿ. ನೆತ್ತಿಯ ಎರಡೂ ಬದಿಯ ಎಲೆಕ್ಟ್ರೋಡಿನಿಂದ ಕೆಲವು ನೂರು ವೋಲ್ಟಿನ ಐದಾರು ಚುಟುಕು ಪಲ್ಸ್, ಒಂದರಿಂದ ಇನ್ನೊಂದಕ್ಕೆ 2ರಿಂದ 4 ಮಿಲಿಸೆಕೆಂಡ್ ಅಂತರ. ಉತ್ತರ ಕೈ ಹೆಬ್ಬೆರಳಿನ ಬುಡ, ಮೊಣಕಾಲ ಕೆಳಗಿನ ಮುಂಭಾಗ, ಪಾದದ ಸ್ನಾಯುಗಳಲ್ಲಿ ಕೂಡಲೇ ಸಿಗುತ್ತದೆ.

ಸ್ಪರ್ಶದ ದಾರಿ ಬೆನ್ನುಹುರಿಯ ಹಿಂಭಾಗದಲ್ಲಿ ಹೋಗುತ್ತದೆ, ಚಲನೆಯದು ಪಕ್ಕ ಮತ್ತು ಮುಂಭಾಗದಲ್ಲಿ. ಮುಂದಿನ ರಕ್ತನಾಳದಲ್ಲಿ ಹರಿವು ನಿಂತರೆ ಎಂಇಪಿ ಹೋಗಿ, ಎಸ್‌ಎಸ್‌ಇಪಿ ಚಲೋ ಇದ್ದಂತೆ ಕಾಣಬಹುದು. ಆದ್ದರಿಂದ ಡಾಕ್ಟರಿಗೆ ಎರಡು ಮಾತು ಕೇಳಿರಿ: ಎರಡೂ ಮಾಡುತ್ತೀರಾ, ಮತ್ತು ಇಡೀ ಆಪರೇಷನ್ ಮುಗಿಯುವ ತನಕ ಅದರ ಮುಂದೆ ಯಾರು ಕೂಡುತ್ತಾರೆ?

ಪ್ರಶ್ನೆ (ಅನಸ್ತೇಷಿಯಾ ಟೆಕ್ನಿಷಿಯನ್, ಗದಗ): ಸರ, ನಮ್ಮಲ್ಲೆ ಎಲ್ಲಾ ಕೇಸು ಸೆವೋಫ್ಲುರೇನ್ ಗ್ಯಾಸ್ ಮ್ಯಾಲೆ, ಸ್ನಾಯು ಸಡಿಲ ಮಾಡೋ ಅಟ್ರಾಕ್ಯೂರಿಯಂ ಇನ್ಫ್ಯೂಷನ್ ಹಚ್ಚಿ ನಡೀತಾವು. ಮಾನಿಟರಿಂಗ್ ಕೇಸ್ ಬಂದ್ರ ಏನೇನು ಬದಲಿ ಮಾಡಿ ಇಡಬೇಕು?

ಉತ್ತರ (ಅರಿವಳಿಕೆ ತಜ್ಞರು, ಧಾರವಾಡ): ಅಟ್ರಾಕ್ಯೂರಿಯಂ ಇನ್ಫ್ಯೂಷನ್ ಬೇಡವೇ ಬೇಡ. ಟ್ಯೂಬ್ ಹಾಕುವಾಗ ಒಂದು ಡೋಸ್, ಕೆಜಿಗೆ 0.5 ಮಿಲಿಗ್ರಾಂ, ಅಷ್ಟಕ್ಕೇ ನಿಲ್ಲಿಸಿ. ಬೇಸ್‌ಲೈನ್ (ಮುಂದೆ ಹೋಲಿಸಲು ಶುರುವಿಗೇ ತೆಗೆಯುವ ಸಿಗ್ನಲ್) ತೆಗೆಯುವ ಮುಂಚೆ ಟ್ರೇನ್ ಆಫ್ ಫೋರ್‌ನಲ್ಲಿ, ಅಂದರೆ ನರಕ್ಕೆ ಸಾಲಾಗಿ ನಾಲ್ಕು ಸಲ ಕರೆಂಟ್ ಕೊಟ್ಟು ನೋಡುವ ಪರೀಕ್ಷೆಯಲ್ಲಿ, ನಾಲ್ಕೂ ಬಡಿತ ಬರಬೇಕು. ಸ್ನಾಯು ಸಡಿಲ ಇದ್ದರೆ ಎಂಇಪಿಯೂ ಸುಳ್ಳು, ಇಎಂಜಿಯೂ (ಸ್ನಾಯುವಿನ ವಿದ್ಯುತ್ ದಾಖಲೆ) ಸುಳ್ಳು.

ಸೆವೋಫ್ಲುರೇನ್ ಬದಲು ಎರಡು ಸಿರಿಂಜ್ ಪಂಪ್ ತಯಾರಿಡಿ. ಪ್ರೊಪೊಫಾಲ್ ನಿಮಿಷಕ್ಕೆ ಕೆಜಿಗೆ 100ರಿಂದ 150 ಮೈಕ್ರೋಗ್ರಾಂ, ಫೆಂಟನಿಲ್ ಗಂಟೆಗೆ ಕೆಜಿಗೆ 1ರಿಂದ 2 ಮೈಕ್ರೋಗ್ರಾಂ. ಗ್ಯಾಸ್ ಕೊಡಲೇಬೇಕಾದರೆ 0.5 ಮ್ಯಾಕ್ (ಗ್ಯಾಸಿನ ಪ್ರಮಾಣದ ಅಳತೆ) ದಾಟಬಾರದು, ಮತ್ತು ಏರಿಳಿಸದೆ ಒಂದೇ ಮಟ್ಟದಲ್ಲಿ ಇರಬೇಕು. ನೈಟ್ರಸ್ ಮುಚ್ಚಿಡಿ, ಆಕ್ಸಿಜನ್ ಜೊತೆ ಏರ್ ಸಾಕು. ಕೆಟಮಿನ್ ಸಣ್ಣ ಪ್ರಮಾಣದಲ್ಲಿ ಸಿಗ್ನಲ್‌ಗೆ ಒಳ್ಳೆಯದೇ. ಡೆಕ್ಸ್‌ಮೆಡಿಟೊಮಿಡಿನ್ ಲೋಡಿಂಗ್ ಡೋಸ್ ಬೇಡ.

ಇಷ್ಟೆಲ್ಲ ಸರಿ ಮಾಡಿಯೂ ಕೆಡುವುದು ಎಲ್ಲಿ ಗೊತ್ತೇ? ಬೋಲಸ್‌ನಲ್ಲಿ. ಪೇಷಂಟ್ ಸ್ವಲ್ಪ ಕೆಮ್ಮಿದರೆ ಕೈ ತಾನಾಗಿ ಪ್ರೊಪೊಫಾಲ್ ಸಿರಿಂಜಿಗೆ ಹೋಗುತ್ತದೆ. 50 ಮಿಲಿಗ್ರಾಂ ಒಮ್ಮೆಲೇ ಹೋದರೆ ಎಂಇಪಿ ನೆಲ ಕಚ್ಚುತ್ತದೆ, ಅದೇ ಹೊತ್ತಿಗೆ ಸರ್ಜನ್ ರಾಡ್ ತಿರುಗಿಸಿದ್ದರೆ ಎಲ್ಲರೂ ಬೆನ್ನುಹುರಿಯ ಮೇಲೆ ಸಂಶಯಪಡುತ್ತಾರೆ. ಬೋಲಸ್ ಕೊಡಬೇಕಾದರೆ ಕೊಡಿ, ಆದರೆ ಗಟ್ಟಿಯಾಗಿ ಹೇಳಿ ಕೊಡಿ. ಮಾನಿಟರಿಂಗ್ ಮಾಡುವವರು ಸಮಯ ಬರೆದುಕೊಳ್ಳಲಿ.

ಪ್ರಶ್ನೆ (ಆರ್ಥೋ ಪಿಜಿ ವಿದ್ಯಾರ್ಥಿ, ಹುಬ್ಬಳ್ಳಿ): ರಾಡ್ ತಿರುಗಿಸಿದ ಮೇಲೆ ಎರಡೂ ಕಾಲಿನ ಎಂಇಪಿ ಹೋಯಿತು, ಕೈಯದು ಸರಿ ಇದೆ ಅಂತ ಇಟ್ಟುಕೊಳ್ಳಿ ಸರ್. ಎಷ್ಟು ಹೊತ್ತು ಕಾಯಬೇಕು? ಕೂಡಲೇ ಸ್ಕ್ರೂ ತೆಗೆಯಬೇಕೇ?

ಉತ್ತರ (ತಂತ್ರಜ್ಞ): ಕಾಯಬಾರದು, ಹಾಗಂತ ಎಲ್ಲವನ್ನೂ ಕಿತ್ತು ಹಾಕುವುದೂ ಅಲ್ಲ. ಮೊದಲು ಕೈ ನಿಲ್ಲಿಸಿ, ಓಟಿಯಲ್ಲಿ ಹಾಡು, ಮಾತು ಬಂದ್ ಮಾಡಿಸಿ. ಆಮೇಲೆ ಮೂವರೂ ಒಟ್ಟಿಗೇ ಕೆಲಸಕ್ಕೆ ಇಳಿಯಬೇಕು, ಒಬ್ಬರದು ಮುಗಿದ ಮೇಲೆ ಇನ್ನೊಬ್ಬರದು ಅಲ್ಲ.

ನನ್ನ ಕಡೆ: ಎಂಇಪಿ ಮತ್ತೊಮ್ಮೆ ಕೊಡುತ್ತೇನೆ, ಸೂಜಿ ಕಳಚಿದೆಯೇ, ಇಂಪೀಡೆನ್ಸ್ (ಎಲೆಕ್ಟ್ರೋಡಿನಲ್ಲಿ ಕರೆಂಟಿಗೆ ಇರುವ ತಡೆ) 5 ಕಿಲೋಓಮ್ ಒಳಗಿದೆಯೇ ನೋಡುತ್ತೇನೆ, ವೋಲ್ಟೇಜ್ ಏರಿಸಿ ನೋಡುತ್ತೇನೆ. ನೀವು ಹೇಳಿದ ಕೇಸಿನಲ್ಲಿ ಕೈಯ ಸಿಗ್ನಲ್ಲೇ ದೊಡ್ಡ ಸಾಕ್ಷಿ. ಔಷಧದಿಂದ ಇಳಿದಿದ್ದರೆ ಕೈಯೂ ಇಳಿಯಬೇಕಿತ್ತು. ನಾಲ್ಕೂ ಅಂಗ ಒಟ್ಟಿಗೆ ಇಳಿದರೆ ಅರಿವಳಿಕೆ ಅಥವಾ ಬಿಪಿ. ಒಂದೇ ಕೈಯ ಎಸ್‌ಎಸ್‌ಇಪಿ ಇಳಿದರೆ, ಬೋರಲು ಮಲಗಿಸಿದಾಗ ತೋಳು ಭುಜದಿಂದ 90 ಡಿಗ್ರಿ ಮೀರಿ ಚಾಚಿದೆ ಅಥವಾ ಮೊಣಕೈ ಒತ್ತುತ್ತಿದೆ ಎಂದೇ ತಿಳಿದು ಮೊದಲು ತೋಳು ಸರಿಸಿ. ಒಂದು ಕಾಲಿನ ಒಂದೇ ಸ್ನಾಯು ಹೋದರೆ ಸೂಜಿ, ಇಲ್ಲವೇ ಒಂದು ನರದ ಬೇರು. ಎರಡೂ ಕಾಲು ಹೋಗಿ ಕೈ ಉಳಿದಿದ್ದರೆ ಬೆನ್ನುಹುರಿ ಎಂದು ಹಿಡಿದೇ ನಡೆಯಬೇಕು.

ಅರಿವಳಿಕೆ ಕಡೆ: ಸರಾಸರಿ ಒತ್ತಡವನ್ನು 85 ಮಿಮೀ ಮೇಲಕ್ಕೆ ತರುವುದು, ಅದಕ್ಕೇ ಮೊದಲೇ ನಾರ್‌ಅಡ್ರಿನಲಿನ್ ಕಲಸಿ ಲೈನಿಗೆ ಹಚ್ಚಿರಬೇಕು. ಹಿಮೋಗ್ಲೋಬಿನ್, ಮೈ ಉಷ್ಣತೆ ನೋಡುವುದು. ವೆಂಟಿಲೇಟರ್ ಜೋರಾಗಿ ಕಾರ್ಬನ್ ಡೈಆಕ್ಸೈಡ್ ಕೆಳಗೆ ಇಳಿದಿದ್ದರೆ ಸರಿಪಡಿಸುವುದು, ಅದು ಇಳಿದರೆ ರಕ್ತನಾಳ ಕಿರಿದಾಗುತ್ತವೆ.

ನಿಮ್ಮ ಕಡೆ: ಕೊನೆಗೆ ಮಾಡಿದ್ದನ್ನು ಬಿಚ್ಚಿ. ರಾಡ್ ತಿರುವು ಸಡಿಲಿಸಿ, ಎಳೆತ ಇದ್ದರೆ ಬಿಡಿ, ಗಾಯಕ್ಕೆ ಬಿಸುಪಿನ ಸಲೈನ್ ಹಾಕಿ. ಸಿಗ್ನಲ್ ಬರದಿದ್ದರೆ ಸಿ-ಆರ್ಮ್ (ಓಟಿಯ ಎಕ್ಸ್‌ರೇ ಯಂತ್ರ) ತಂದು ಸ್ಕ್ರೂ ನೋಡಿ, ಎಲುಬಿನ ಚೂರು ಅಥವಾ ರಕ್ತದ ಗಡ್ಡೆ ಒತ್ತುತ್ತಿದೆಯೇ ನೋಡಿ. ಆಗಲೂ ಬರಲಿಲ್ಲ ಅಂದರೆ ರಾಡ್ ತೆಗೆಯುವುದು, ಎಚ್ಚರಿಸಿ ಬೆರಳು ಆಡಿಸುವ ಪರೀಕ್ಷೆ ಮಾಡುವುದು.

ಎಚ್ಚರಿಕೆಯ ಗೆರೆ ಎಸ್‌ಎಸ್‌ಇಪಿಗೆ ಎಲ್ಲರೂ ಒಪ್ಪಿದ್ದು: ಅಲೆಯ ಎತ್ತರ 50 ಪ್ರತಿಶತ ಇಳಿಕೆ ಅಥವಾ ಅಲೆ ಬರುವ ಸಮಯ 10 ಪ್ರತಿಶತ ಹೆಚ್ಚಳ. ಎಂಇಪಿಗೆ ಒಂದೇ ಗೆರೆ ಇಲ್ಲ. ಕೆಲವರು ಪೂರ್ತಿ ಹೋದರೆ ಮಾತ್ರ ಅನ್ನುತ್ತಾರೆ, ಕೆಲವರು 80 ಪ್ರತಿಶತ ಇಳಿದರೆ, ಇನ್ನು ಕೆಲವರು ಅದೇ ಉತ್ತರಕ್ಕೆ 100 ವೋಲ್ಟ್ ಹೆಚ್ಚು ಬೇಕಾದರೆ. ಯಾವುದನ್ನು ಹಿಡಿಯುತ್ತೀರಿ ಎಂಬುದು ಚರ್ಮ ಕೊಯ್ಯುವ ಮೊದಲೇ ಓಟಿಯಲ್ಲಿ ಗೊತ್ತಾಗಿರಬೇಕು. ಬೇಸ್‌ಲೈನ್ ಕೂಡ ಎರಡು ಬೇಕು, ಅಂಗಾತ ಇದ್ದಾಗ ಒಂದು, ಬೋರಲು ಮಾಡಿದ ಮೇಲೆ ಒಂದು. ಎರಡನೆಯದರಲ್ಲಿ ಇಳಿದಿದ್ದರೆ ತಪ್ಪು ಪೊಸಿಷನ್ನಿನದು, ಆಪರೇಷನ್ನಿನದಲ್ಲ.

ಅದೇ ವಿದ್ಯಾರ್ಥಿ: ರಾಡ್ ಹಿಡಿಯಲು ಬೆನ್ನೆಲುಬಿಗೆ ಹಾಕುವ ಪೆಡಿಕಲ್ ಸ್ಕ್ರೂಗೆ ಕರೆಂಟ್ ಕೊಟ್ಟು ಪರೀಕ್ಷಿಸುವಾಗ ಎಷ್ಟು ಮಿಲಿ ಆಂಪ್ ಬಂದರೆ ಸುರಕ್ಷಿತ?

ಉತ್ತರ (ತಂತ್ರಜ್ಞ): ಸೊಂಟದ ಭಾಗದಲ್ಲಿ 10 ಮಿಲಿ ಆಂಪ್ ತನಕ ಸ್ನಾಯು ಮಿಡಿಯದಿದ್ದರೆ ಸಮಾಧಾನ. 5, 6ಕ್ಕೇ ಮಿಡಿದರೆ ಎಲುಬಿನ ಗೋಡೆ ಒಡೆದಿದೆ ಎಂದು ತೆಗೆದು ನೋಡಿ. ನಡುವೆ ಬಂದರೆ ಪ್ರೋಬ್‌ನಿಂದ ತಡವಿ, ಎಕ್ಸ್‌ರೇ ನೋಡಿ. ಎದೆ ಭಾಗದ ಸ್ಕ್ರೂಗೆ ಈ ಲೆಕ್ಕ ಹಾಗೆಯೇ ಹಚ್ಚಬೇಡಿ. ಕರೆಂಟ್ ಕೊಡುವ ಪ್ರೋಬನ್ನು ಸ್ಕ್ರೂ ದಂಡಕ್ಕೆ ತಾಗಿಸಿ, ಮೇಲಿನ ಅಲ್ಲಾಡುವ ತಲೆಗಲ್ಲ. ಸುತ್ತ ರಕ್ತ, ಸಲೈನ್ ನಿಂತಿದ್ದರೆ ಕರೆಂಟ್ ಅದರಲ್ಲೇ ಹರಿದು ಹೋಗಿ ಕೆಟ್ಟ ಸ್ಕ್ರೂ ಸಹ 15 ತೋರಿಸುತ್ತದೆ. ಸಕ್ಷನ್ ಮಾಡಿ ಒಣಗಿಸಿಯೇ ತಾಗಿಸಿ.

ಪ್ರಶ್ನೆ (ಟೆಕ್ನಾಲಜಿ ವಿದ್ಯಾರ್ಥಿನಿ, ಧಾರವಾಡ): ಪರದೆ ತುಂಬ ಲೈನ್ ಕರೆಂಟಿನ 50 ಹರ್ಟ್ಜ್ ಗದ್ದಲ ಬರ್ತದ ಸರ. ಅದನ್ನಷ್ಟ ತೆಗೆಯೋ ನಾಚ್ ಫಿಲ್ಟರ್ ಹಾಕಿದ್ರ ಸ್ವಚ್ಛ ಕಾಣತದ. ಹಾಕಬಹುದೇನ್ರಿ?

ಉತ್ತರ (ತಂತ್ರಜ್ಞ): ಹಾಕಬೇಡಮ್ಮ. ನಾಚ್ ಫಿಲ್ಟರ್ ತಾನೇ ಅಲೆ ಹುಟ್ಟಿಸುತ್ತದೆ, ಅದನ್ನೇ ನೀನು ಸಿಗ್ನಲ್ ಎಂದು ಗುರುತು ಹಾಕುವ ಅಪಾಯ ಇದೆ. ಮೂಲ ಹುಡುಕು. ಟೇಬಲ್ ಮೋಟಾರ್, ಬಿಸಿಗಾಳಿ ಹೊದಿಕೆಯ ಯಂತ್ರ, ಫ್ಲೂಯಿಡ್ ವಾರ್ಮರ್, ಸಿ-ಆರ್ಮ್. ಸಿಸ್ಟರ್‌ಗೆ ಹೇಳಿ ಒಂದೊಂದೇ ಪ್ಲಗ್ ತೆಗೆಸು, ಸ್ವಿಚ್ ಆರಿಸಿದರೆ ಸಾಲದು. ಗ್ರೌಂಡ್ ಎಲೆಕ್ಟ್ರೋಡ್ ನೋಡು. ವಯರ್‌ಗಳನ್ನು ಹೆಣೆದು ಕಟ್ಟು, ಕರೆಂಟಿನ ಕೇಬಲ್ ಪಕ್ಕದಲ್ಲಿ ಬಿಡಬೇಡ. ಎಸ್‌ಎಸ್‌ಇಪಿ ವೇಗವನ್ನು ಸೆಕೆಂಡಿಗೆ 5 ಇಡಬೇಡ, 50ನ್ನು ಸರಿಯಾಗಿ ಭಾಗಿಸುವ ಸಂಖ್ಯೆ ಇಟ್ಟರೆ ಗದ್ದಲವೂ ಸರಾಸರಿಯಲ್ಲಿ ಕೂಡಿ ಬೆಳೆಯುತ್ತದೆ. 4.7 ಇಡು.

ಪ್ರಶ್ನೆ (ಓಟಿ ಸ್ಟಾಫ್ ನರ್ಸ್, ಗದಗ): ಥೈರಾಯ್ಡ್ ಆಪರೇಷನ್ನಿಗೂ ನರ ಮಾನಿಟರ್ ಮಾಡೋ ಉಸಿರಿನ ಟ್ಯೂಬ್ ಹಾಕ್ತಾರ. ಅದಕ್ಕ ನಮ್ಮ ಕಡೆಯಿಂದ ಏನು ಎಚ್ಚರ?

ಉತ್ತರ (ಅರಿವಳಿಕೆ ತಜ್ಞರು): ಟ್ಯೂಬಿಗೆ ಲಿಗ್ನೋಕೇನ್ ಜೆಲ್ಲಿ ಸವರಬೇಡಿ. ಅದರ ಮೇಲಿನ ಎಲೆಕ್ಟ್ರೋಡ್ ಪಟ್ಟಿ ಧ್ವನಿ ತಂತುಗಳಿಗೆ ತಾಗಿರಬೇಕು. ಕತ್ತು ಹಿಂದಕ್ಕೆ ಚಾಚಿದಾಗ ಟ್ಯೂಬ್ ಸರಿಯುತ್ತದೆ, ಹಾಗಾಗಿ ಪೊಸಿಷನ್ ಆದ ಮೇಲೆ ವಿಡಿಯೋ ಲ್ಯಾರಿಂಗೋಸ್ಕೋಪಿನಲ್ಲಿ ಮತ್ತೊಮ್ಮೆ ನೋಡಲು ತಯಾರಿ ಇರಲಿ. ಗಡ್ಡೆ ತೆಗೆಯುವ ಮುಂಚೆ ಮತ್ತು ತೆಗೆದ ಮೇಲೆ ವೇಗಸ್ ನರಕ್ಕೆ 1ರಿಂದ 2 ಮಿಲಿ ಆಂಪ್ ಕೊಟ್ಟು ನೋಡುತ್ತಾರೆ. ಉತ್ತರ 100 ಮೈಕ್ರೋವೋಲ್ಟ್ ಕೆಳಗೆ ಹೋದರೆ ಮೊದಲು ಟ್ಯೂಬ್ ಪರೀಕ್ಷೆ. ಟ್ಯೂಬ್ ಸರಿ ಇದ್ದೂ ಸಿಗ್ನಲ್ ಇಲ್ಲವಾದರೆ, ಎರಡೂ ಬದಿ ತೆಗೆಯಬೇಕಿದ್ದ ಕೇಸಿನಲ್ಲಿ ಇನ್ನೊಂದು ಬದಿ ಮುಂದೂಡುವುದೇ ಒಳ್ಳೆಯದು. ಧ್ವನಿ ತಂತು ಆಡಿಸುವ ಎರಡೂ ಬದಿಯ ನರ ಸೋತರೆ ಉಸಿರಿನ ದಾರಿಯೇ ಮುಚ್ಚಬಹುದು.

ಪಾಲಕರು, ಹಾವೇರಿ: ತಲಿಗೆ ಕರೆಂಟ್ ಅಂದ್ರ ಮನಿಯಾಗ ಎಲ್ಲಾರೂ ಹೆದರ್ಯಾರ. ಅಪಾಯ ಏನೂ ಇಲ್ಲಲ್ರಿ?

ಉತ್ತರ (ತಂತ್ರಜ್ಞ): ಹೆಚ್ಚಾಗಿ ಆಗುವ ತೊಂದರೆ ನಾಲಿಗೆ, ತುಟಿ ಕಚ್ಚುವುದು. ಪಲ್ಸ್ ಕೊಟ್ಟಾಗ ದವಡೆ ಬಿಗಿಯುತ್ತದೆ. ಅದಕ್ಕೆ ಎರಡೂ ಕಡೆ ದವಡೆ ಹಲ್ಲಿನ ನಡುವೆ ಮೆತ್ತನೆಯ ಗಾಜ್ ಸುರುಳಿ ಇಡುತ್ತೇವೆ, ಬೋರಲು ಮಾಡಿದ ಮೇಲೆ ನಾಲಿಗೆ ಸಿಕ್ಕಿದೆಯೇ ಮತ್ತೆ ನೋಡುತ್ತೇವೆ. ಫಿಟ್ಸ್ ಬರುವುದು ಅಪರೂಪ. ಮಗಳಿಗೆ ಹಿಂದೆ ಫಿಟ್ಸ್ ಬಂದಿದ್ದರೆ, ತಲೆಗೆ ಆಪರೇಷನ್ ಆಗಿ ಲೋಹದ ಕ್ಲಿಪ್ ಇದ್ದರೆ, ಕಿವಿಯಲ್ಲಿ ಕಾಕ್ಲಿಯರ್ ಇಂಪ್ಲಾಂಟ್ ಅಥವಾ ಎದೆಯಲ್ಲಿ ಪೇಸ್‌ಮೇಕರ್ ಇದ್ದರೆ ಅರಿವಳಿಕೆ ಡಾಕ್ಟರಿಗೆ ಮೊದಲೇ ಹೇಳಿರಿ. ಅಲ್ಲಾಡುವ ಹಲ್ಲು ಇದ್ದರೆ ಅದನ್ನೂ ಹೇಳಿರಿ. ಆಪರೇಷನ್ ಆದ ಮೇಲೆ ನೆತ್ತಿ, ಕೈಕಾಲಿನಲ್ಲಿ ಸೂಜಿ ಚುಚ್ಚಿದ ಕೆಂಪು ಚುಕ್ಕೆ ಕಾಣುತ್ತವೆ, ಕೆಲವು ದಿನದಲ್ಲಿ ಮಾಯುತ್ತವೆ.