ಚಿಕ್ಕಪ್ಪನ ಅಕ್ಕಿ ಮೂಟೆ ಮತ್ತು ಒಂದು ಫಾರ್ವರ್ಡ್

ಭಾನುವಾರ ರಾತ್ರಿ ನಮ್ಮ ಮನೆಯವರ ವಾಟ್ಸಾಪ್ ಗುಂಪಿನಲ್ಲಿ ನಡೆದ ಮಾತು ಇದು. ಡೊಂಬಿವಲಿ ಚಿಕ್ಕಪ್ಪನದು ದಿನಸಿ ಅಂಗಡಿ. ಹೋದ ಮಳೆಗಾಲದಲ್ಲಿ ಸರ್ಕಾರಿ ಅಧಿಕಾರಿಯೊಬ್ಬರು 42 ಮೂಟೆ ಅಕ್ಕಿ ಜಪ್ತಿ ಮಾಡಿದರು. ತಪ್ಪೇನೂ ಸಿಗಲಿಲ್ಲ, ವಾಪಸ್ ಕೊಡಿ ಅಂತ ಆದೇಶ ಬಂತು. ಅಷ್ಟರಲ್ಲಿ ಸೋರುವ ಗೋದಾಮಿನಲ್ಲಿ ಅಕ್ಕಿಗೆ ಬೂಷ್ಟು ಹಿಡಿದಿತ್ತು. ನಾನು ಮುಂಬೈನ ಫೋರ್ಟಿನಲ್ಲಿ ವಕೀಲರೊಬ್ಬರ ಆಫೀಸಿನಲ್ಲಿ ಕೆಲಸ ಮಾಡುತ್ತೇನೆ.

ಡೊಂಬಿವಲಿ ಚಿಕ್ಕಪ್ಪ: (ಫಾರ್ವರ್ಡ್) ಅಧಿಕಾರಿ ತಪ್ಪು ಮಾಡಿದರೆ ಸರ್ಕಾರವನ್ನು ಕೇಸಿಗೆ ಎಳೆಯಬೇಡಿ! ಅವನೊಬ್ಬನ ಮೇಲೆ ದಾವೆ ಹಾಕಿ. ಪರಿಹಾರ ಅವನ ಜೇಬಿನಿಂದ ಬರಲಿ. ಎಲ್ಲ ಗುಂಪುಗಳಿಗೂ ಕಳಿಸಿ.

ಡೊಂಬಿವಲಿ ಚಿಕ್ಕಪ್ಪ: ಇದೇ ಸರಿ. ನಾಳೆಯೇ ಇಲ್ಲಿನ ವಕೀಲರಿಗೆ ಹೇಳುತ್ತೇನೆ.

ಮುಲುಂಡ್ ಅತ್ತೆ: ಒಳ್ಳೆಯದಾಯಿತು. ಆ ಮನುಷ್ಯನಿಗೆ ಬುದ್ಧಿ ಬರಲಿ.

ನಾನು: ಚಿಕ್ಕಪ್ಪ, ದಯವಿಟ್ಟು ಹಾಗೆ ಮಾಡಬೇಡಿ. ಸಿವಿಲ್ ಕೇಸು ನಡೆಸುವ ಕಾನೂನಾದ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಆದೇಶ 27, ನಿಯಮ 5ಎ ಅಂತ ಇದೆ. 1976ರ ತಿದ್ದುಪಡಿಯಲ್ಲಿ ಬಂದದ್ದು. ಅಧಿಕಾರಿ ತನ್ನ ಹುದ್ದೆಯ ಕೆಲಸದಲ್ಲಿ ಮಾಡಿದ್ದಕ್ಕೆ ದಾವೆ ಹಾಕಿದರೆ ಸರ್ಕಾರವನ್ನೂ ಪಕ್ಷಗಾರ ಮಾಡಲೇಬೇಕು.

ಡೊಂಬಿವಲಿ ಚಿಕ್ಕಪ್ಪ: ಅಂದರೆ ಅವನು ಸರ್ಕಾರದ ಬೆನ್ನ ಹಿಂದೆ ಅಡಗಿಕೊಳ್ಳಬಹುದು. ನನ್ನ ಅಕ್ಕಿಯೂ ಹೋಯಿತು, ಪರಿಹಾರವೂ ನನ್ನ ತೆರಿಗೆಯಿಂದಲೇ! ಇದು ನ್ಯಾಯವಾ ಪುಟ್ಟಿ?

ನಾನು: ಅವರ ಹೆಸರೂ ಇರುತ್ತದೆ ಚಿಕ್ಕಪ್ಪ. ಅವರೊಬ್ಬರ ಮೇಲೆಯೇ ಹಾಕಿ ಗೆದ್ದಿರಿ ಅಂತ ಇಟ್ಟುಕೊಳ್ಳಿ. ವಸೂಲಿ ಹೇಗೆ? ಸಂಬಳದಲ್ಲಿ ಮೊದಲ 1,000 ರೂಪಾಯಿ, ಉಳಿದದ್ದರಲ್ಲಿ ಮೂರನೇ ಎರಡು ಭಾಗ ಮುಟ್ಟುವ ಹಾಗಿಲ್ಲ. ಅದೇ ಸಂಹಿತೆಯ ಸೆಕ್ಷನ್ 60 ಹಾಗೆ ಹೇಳುತ್ತದೆ. ರಿಟೈರ್ ಆದರೆ ಸರ್ಕಾರಿ ಪಿಂಚಣಿಯನ್ನೂ ಜಪ್ತಿ ಮಾಡಲು ಆಗುವುದಿಲ್ಲ. ಅವರ ಬಳಿ ಆಸ್ತಿ ಇಲ್ಲದಿದ್ದರೆ ಡಿಕ್ರಿ, ಅಂದರೆ ಗೆದ್ದ ಕೋರ್ಟ್ ತೀರ್ಪಿನ ಕಾಗದ, ಹಿಡಿದುಕೊಂಡು ಎಷ್ಟು ವರ್ಷ ಓಡಾಡುತ್ತೀರಿ?

ಪುಣೆ ಭಾವ: ಒಂದು ನಿಮಿಷ. ಸರ್ಕಾರ ಸೇರಿದರೆ ದುಡ್ಡು ಗ್ಯಾರಂಟಿ ಅನ್ನುವುದೂ ಸುಳ್ಳು. ಕಸ್ತೂರಿಲಾಲ್ ಕೇಸು ಗೊತ್ತಲ್ವಾ? 1947ರಲ್ಲಿ ಮೀರತ್ ಪೊಲೀಸರು ವ್ಯಾಪಾರಿಯ ಚಿನ್ನ ಹಿಡಿದರು. ಹೆಡ್ ಕಾನ್‌ಸ್ಟೇಬಲ್ ಅದನ್ನು ಎತ್ತಿಕೊಂಡು ಪಾಕಿಸ್ತಾನಕ್ಕೆ ಓಡಿಹೋದ. 1964ರಲ್ಲಿ ಸುಪ್ರೀಂ ಕೋರ್ಟ್, ಇದು ಪೊಲೀಸ್ ಅಧಿಕಾರದ ಕೆಲಸ, ಸರ್ಕಾರ ಹೊಣೆ ಅಲ್ಲ ಅಂದಿತು.

ಡೊಂಬಿವಲಿ ಚಿಕ್ಕಪ್ಪ: ನೋಡು!

ನಾನು: ಭಾವ ಹೇಳಿದ್ದು ನಿಜ. ಆ ತೀರ್ಪು ಓದಿದಾಗ ನನಗೂ ಹೊಟ್ಟೆ ಉರಿದಿತ್ತು. ಆದರೆ ಆ ವ್ಯಾಪಾರಿ ಕಾನ್‌ಸ್ಟೇಬಲ್ ಒಬ್ಬನ ಮೇಲೆಯೇ ಕೇಸು ಹಾಕಿದ್ದರೆ ಏನು ಸಿಗುತ್ತಿತ್ತು? ಆಳೇ ದೇಶ ಬಿಟ್ಟಿದ್ದ. ಇನ್ನು 1994ರ ನಾಗೇಂದ್ರ ರಾವ್ ಕೇಸು ನೋಡಿ. ಆಂಧ್ರದ ವ್ಯಾಪಾರಿ. ಗೊಬ್ಬರ, ಧಾನ್ಯ ಜಪ್ತಿ ಆಗಿತ್ತು. ಅಧಿಕಾರಿಗಳ ಅಸಡ್ಡೆಯಿಂದ ಮಾಲು ಕೆಟ್ಟಿತು. ರಾಜ್ಯ ಸರ್ಕಾರವೇ ಹೊಣೆ ಅಂತ ಅದೇ ಸುಪ್ರೀಂ ಕೋರ್ಟ್ ಹೇಳಿತು. ಚಿಕ್ಕಪ್ಪ, ಅದು ನಿಮ್ಮದೇ ಕಥೆ ಅಲ್ವಾ? ಸರ್ಕಾರವನ್ನು ಬಿಟ್ಟರೆ ನಿಮಗೆ ಆಸರೆಯಾಗುವ ಈ ತೀರ್ಪನ್ನೂ ಕೈಬಿಟ್ಟ ಹಾಗೆ.

ಮುಲುಂಡ್ ಅತ್ತೆ: ಹಾಗಾದರೆ ಅಧಿಕಾರಿ ಕೈಯಿಂದ ಒಂದು ರೂಪಾಯಿಯೂ ಹೋಗುವುದಿಲ್ಲವಾ?

ನಾನು: ಹೋಗಬೇಕು ಅತ್ತೆ. ನನಗೂ ಅದೇ ಆಸೆ. 1993ರಲ್ಲಿ ಲಖನೌ ಅಭಿವೃದ್ಧಿ ಪ್ರಾಧಿಕಾರದ ಕೇಸಿನಲ್ಲಿ ಸುಪ್ರೀಂ ಕೋರ್ಟ್ ದಾರಿ ತೋರಿಸಿದೆ. ನೊಂದವರಿಗೆ ಮೊದಲು ಸಾರ್ವಜನಿಕ ಹಣದಿಂದ ಕೊಡಿ, ಆಮೇಲೆ ಹೊಣೆಗಾರ ಅಧಿಕಾರಿಗಳಿಂದ ವಸೂಲು ಮಾಡಿ ಅಂತ. ನಾವು ಕೋರ್ಟಿನಲ್ಲಿ ಅದನ್ನೂ ಕೇಳೋಣ.

ಡೊಂಬಿವಲಿ ಚಿಕ್ಕಪ್ಪ: ಈಗ ಅವನ ಮೇಲೆ ಹಾಕಿ, ಬೇಕಾದರೆ ಆಮೇಲೆ ಸರ್ಕಾರವನ್ನು ಸೇರಿಸಿದರಾಯಿತು.

ನಾನು: ಅಲ್ಲೇ ಜಾಸ್ತಿ ಜನ ಬೀಳುವುದು. ಕೋರ್ಟ್ ಒಪ್ಪಿ ಸೇರಿಸಬಹುದು. ಆದರೆ ಹೊಸ ಪ್ರತಿವಾದಿಯ ಮಟ್ಟಿಗೆ, ಸೇರಿಸಿದ ದಿನವೇ ಕೇಸು ಶುರುವಾಯಿತು ಅಂತ ಲೆಕ್ಕ. ಒಳ್ಳೆಯ ಮನಸ್ಸಿನಿಂದ ತಪ್ಪಾಯಿತು ಅಂತ ಒಪ್ಪಿಸಿದರೆ ಮಾತ್ರ ವಿನಾಯಿತಿ. ಜಪ್ತಿಯ ಕೆಲವು ಕೇಸುಗಳಿಗೆ ಗಡುವು ಒಂದೇ ವರ್ಷ. ನಿಮ್ಮದು ಆಗಲೇ ಎಂಟು ತಿಂಗಳಾಯಿತು. ದಾವೆಗೆ ಮೊದಲು ಅದೇ ಸಂಹಿತೆಯ ಸೆಕ್ಷನ್ 80ರ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು. ಆ ಎರಡು ತಿಂಗಳನ್ನು ಗಡುವಿನಲ್ಲಿ ಎಣಿಸುವುದಿಲ್ಲ, ಅದೊಂದು ಸಮಾಧಾನ.

ಪುಣೆ ಭಾವ: ನೋಟಿಸ್ ಯಾರಿಗೆ? ಆ ಇಲಾಖೆಗಾ?

ನಾನು: ರಾಜ್ಯ ಸರ್ಕಾರದ ಕಾರ್ಯದರ್ಶಿಗೆ ಅಥವಾ ಠಾಣೆ ಜಿಲ್ಲಾಧಿಕಾರಿಗೆ. ಆ ಅಧಿಕಾರಿಗೂ ಬೇರೆ ಕೊಡಬೇಕು. ದಾವೆಯಲ್ಲಿ ಹೆಸರು ‘ಮಹಾರಾಷ್ಟ್ರ ರಾಜ್ಯ’ ಅಂತಲೇ ಇರಬೇಕು, ಇಲಾಖೆ ಹೆಸರು ಸಾಲದು. ಕೇರಳ ಸರ್ಕಾರವೇ ಒಮ್ಮೆ ಇದರಲ್ಲಿ ಎಡವಿದೆ. ನಷ್ಟ ಕೇಳಿ ದಕ್ಷಿಣ ರೈಲ್ವೆಯ ಜನರಲ್ ಮ್ಯಾನೇಜರ್ ಮೇಲೆ ದಾವೆ ಹಾಕಿತ್ತು. ಭಾರತ ಒಕ್ಕೂಟ, ಅಂದರೆ ಕೇಂದ್ರ ಸರ್ಕಾರ, ಪಕ್ಷಗಾರ ಆಗಿಲ್ಲ, ದಾವೆ ನಿಲ್ಲುವುದಿಲ್ಲ ಅಂತ 1976ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅಷ್ಟು ದೊಡ್ಡ ಸರ್ಕಾರಕ್ಕೇ ಹಾಗಾದರೆ ನಮ್ಮ ಗತಿ?

ಮುಲುಂಡ್ ಅತ್ತೆ: ನಮ್ಮ ಬಿಲ್ಡಿಂಗಿನವರು ಮಹಾನಗರಪಾಲಿಕೆ ಮೇಲೆ ಹಾಕಬೇಕು ಅಂತಿದ್ದಾರೆ. ಅದಕ್ಕೂ ಹೀಗೇನಾ?

ನಾನು: ಪಾಲಿಕೆಯದು ಬೇರೆ ಲೆಕ್ಕ ಅತ್ತೆ. ಮುಂಬೈಗೆ 1888ರ ಕಾಯ್ದೆ ಇದೆ, ಅಲ್ಲಿ ಒಂದು ತಿಂಗಳ ನೋಟಿಸ್. ಆಮೇಲೆ ಫೋನ್ ಮಾಡುತ್ತೇನೆ.

(ಸುಮಾರು ಹತ್ತು ನಿಮಿಷ ಯಾರೂ ಏನೂ ಬರೆಯಲಿಲ್ಲ.)

ಡೊಂಬಿವಲಿ ಚಿಕ್ಕಪ್ಪ: ಆ ಅಕ್ಕಿಯನ್ನು ದನಕ್ಕೆ ಹಾಕಲೂ ಆಗಲಿಲ್ಲ ಪುಟ್ಟಿ. ನಾನೇ ಗಾಡಿ ಮಾಡಿ ಎಸೆದು ಬಂದೆ. ನನಗೆ ದುಡ್ಡಿಗಿಂತ ಅವನ ಹೆಸರು ಕಾಗದದಲ್ಲಿ ಬರಬೇಕು.

ನಾನು: ಬರುತ್ತದೆ ಚಿಕ್ಕಪ್ಪ. ಒಂದನೇ ಪ್ರತಿವಾದಿ ಮಹಾರಾಷ್ಟ್ರ ರಾಜ್ಯ. ಎರಡನೇ ಪ್ರತಿವಾದಿ ಅವರೇ, ಹೆಸರು ಹುದ್ದೆ ಎರಡೂ ಹಾಕಿ.

ಡೊಂಬಿವಲಿ ಚಿಕ್ಕಪ್ಪ: ಸರಿ. ನಾಳೆ ಫಾಸ್ಟ್ ಲೋಕಲ್ ಹಿಡಿದು ನಿಮ್ಮ ಆಫೀಸಿಗೇ ಬರುತ್ತೇನೆ. ಪಂಚನಾಮೆ ತರಲಾ?

ನಾನು: ತನ್ನಿ. ವಾಪಸ್ ಕೊಡಲು ಹೇಳಿದ ಆದೇಶ, ಅಕ್ಕಿ ಖರೀದಿಯ ಬಿಲ್ಲು, ಎಸೆಯುವ ಮುಂಚೆ ತೆಗೆದ ಫೋಟೋ ಎಲ್ಲ ತನ್ನಿ. ಮೊದಲು ಜಪ್ತಿಯ ತಾರೀಕು ನೋಡಬೇಕು.